ಟ್ರಾಫಿಕ್ ಸ್ಕೂಲ್ ಮುಗಿಸಿ ಪಾಯಿಂಟ್ ತಪ್ಪಿಸಿದ್ದು: ಕ್ಯಾಲಿಫೋರ್ನಿಯಾದಲ್ಲಿ ನನ್ನ ಅನುಭವ

ನನಗೆ ಸ್ಟಾಪ್ ಸೈನ್ ಟಿಕೆಟ್ (ಪೊಲೀಸರು ಕೊಡುವ ದಂಡದ ಚೀಟಿ) ಬಂದು, ಅದನ್ನು ಟ್ರಾಫಿಕ್ ಸ್ಕೂಲ್ (ರಸ್ತೆ ನಿಯಮ ಓದಿ ಪರೀಕ್ಷೆ ಕೊಡುವ ಕೋರ್ಸ್) ಮೂಲಕ ಮುಗಿಸಿಕೊಂಡೆ ಅನ್ನುವುದು ಸನಿವೇಲ್ ಕಡೆಯ ನಮ್ಮ ಕನ್ನಡದ ಗೆಳತಿಯರಿಗೆಲ್ಲ ಗೊತ್ತು. ಹಾಗಾಗಿ ಯಾರಿಗೆ ಟಿಕೆಟ್ ಬಂದರೂ ನನಗೆ ಫೋನ್ ಬರುತ್ತದೆ. ಹೆಚ್ಚು ಕಡಿಮೆ ಎಲ್ಲರೂ ಕೇಳುವುದು ಒಂದೇ: "ಟ್ರಾಫಿಕ್ ಸ್ಕೂಲ್ ಮಾಡಿಬಿಟ್ರೆ ದಂಡ ಕಟ್ಟೋದು ಬೇಡ ಅಲ್ವೇನೇ?"

ಕಟ್ಟಬೇಕು. ದಂಡ ಪೂರ್ತಿ ಕಟ್ಟಬೇಕು. ಅದರ ಮೇಲೆ ಟ್ರಾಫಿಕ್ ಸ್ಕೂಲಿಗೆ ಹೋಗಲು ಕೋರ್ಟಿಗೆ ಇನ್ನೊಂದು ಶುಲ್ಕ, ಶಾಲೆಯ ಫೀಸ್ ಬೇರೆ. ಇಷ್ಟೆಲ್ಲ ಕೊಟ್ಟ ಮೇಲೆ ನಮಗೆ ಸಿಗುವ ಲಾಭ ಏನೆಂದರೆ, ಆ ಟಿಕೆಟ್ ನಮ್ಮ ಡ್ರೈವಿಂಗ್ ದಾಖಲೆಯಲ್ಲಿ ಗೋಪ್ಯವಾಗಿ ಉಳಿಯುತ್ತದೆ. ಇನ್ಶೂರೆನ್ಸ್ ಕಂಪನಿಗೆ ಅದು ಕಾಣುವುದಿಲ್ಲ. ಬಹಳ ಹಿಂದೆ ಇಲ್ಲಿಗೆ ಬಂದವರು "ಕೇಸೇ ವಜಾ ಆಗುತ್ತೆ" ಅನ್ನುತ್ತಾರೆ. ಅವರ ಕಾಲದಲ್ಲಿ ಅದು ನಿಜ. 2011ರ ಜುಲೈನಿಂದ ಕಾನೂನು ಬದಲಾಯಿತು. ಈಗ ತಪ್ಪು ಸಾಬೀತಾಯಿತು ಅಂತಲೇ ದಾಖಲಾಗುತ್ತದೆ, ಆದರೆ ಪಾಯಿಂಟ್, ಅಂದರೆ ತಪ್ಪಿಗೆ ಡ್ರೈವಿಂಗ್ ದಾಖಲೆಯಲ್ಲಿ ಬೀಳುವ ಅಂಕ, ಲೆಕ್ಕಕ್ಕೆ ಬರುವುದಿಲ್ಲ.

ಮೊದಲು ಪೊಲೀಸರು ನಿಲ್ಲಿಸಿದ ಗಳಿಗೆಯ ಬಗ್ಗೆ ಸ್ವಲ್ಪ ಹೇಳಬೇಕು. ಊರಿನಲ್ಲಿ ಗಾಡಿ ನಿಲ್ಲಿಸಿದರೆ ನಾವು ಇಳಿದು ಪೊಲೀಸರ ಹತ್ತಿರ ಹೋಗಿ ಮಾತಾಡುತ್ತೇವೆ. ಇಲ್ಲಿ ಇಳಿಯಲೇಬಾರದು. ಬಲಗಡೆಗೆ ಗಾಡಿ ಹಾಕಿ, ಕಿಟಕಿ ಇಳಿಸಿ, ಎರಡೂ ಕೈ ಸ್ಟೀರಿಂಗ್ ಮೇಲೆ ಇಟ್ಟು ಕೂತಿರಬೇಕು. ಲೈಸೆನ್ಸ್, ರಿಜಿಸ್ಟ್ರೇಷನ್, ಇನ್ಶೂರೆನ್ಸ್ ಕಾಗದ ಕೇಳುತ್ತಾರೆ. ಕೊನೆಗೆ ಸಹಿ ಹಾಕಲು ಹೇಳುತ್ತಾರೆ. ಹೊಸದಾಗಿ ಬಂದವರು ಇಲ್ಲಿ ತುಂಬಾ ಹೆದರುತ್ತಾರೆ, ಸಹಿ ಹಾಕಿದರೆ ತಪ್ಪು ಒಪ್ಪಿಕೊಂಡ ಹಾಗೆ ಅಂದುಕೊಳ್ಳುತ್ತಾರೆ. ಹಾಗಲ್ಲ. ಹೇಳಿದ ದಿನಾಂಕದೊಳಗೆ ಕೋರ್ಟಿಗೆ ಉತ್ತರ ಕೊಡುತ್ತೇನೆ ಅನ್ನುವ ಮಾತು ಅದು, ಅಷ್ಟೇ. ಸಹಿ ಹಾಕಲ್ಲ ಅಂತ ಹಟ ಹಿಡಿದರೆ ಮಾತ್ರ ಸುಮ್ನೆ ತೊಂದರೆ.

ನನ್ನ ಟಿಕೆಟಿನಲ್ಲಿ ಬರೆದಿದ್ದು ವೆಹಿಕಲ್ ಕೋಡ್ 22450, ಅಂದರೆ ಸ್ಟಾಪ್ ಸೈನಿನಲ್ಲಿ ಸರಿಯಾಗಿ ನಿಲ್ಲದಿರುವುದು. ಕಾರು ಪೂರ್ತಿ ನಿಂತಿದ್ದು ಬಿಳಿ ಗೆರೆ ದಾಟಿದ ಮೇಲೆ. ಹಾಗಾಗಿ ವಾದ ಮಾಡಲು ನನಗೆ ಆಧಾರ ಇರಲಿಲ್ಲ. ಆಧಾರ ಇದ್ದವರಿಗೆ ದಾರಿ ಇದೆ. ಕೋರ್ಟಿಗೆ ಹೋಗಿ ವಾದಿಸಬಹುದು. ಇಲ್ಲವೇ ಟಿಆರ್-205 ಅನ್ನುವ ಫಾರಂ ತುಂಬಿ, ಬರವಣಿಗೆಯಲ್ಲೇ ವಿಚಾರಣೆ ಕೇಳಬಹುದು. ಅದರಲ್ಲಿ ಸೋತರೆ 20 ದಿನದೊಳಗೆ ಹೊಸ ವಿಚಾರಣೆ ಕೇಳುವ ಹಕ್ಕೂ ಇದೆ. ಆದರೆ ವಾದ ಮಾಡಿ ಸೋತ ಮೇಲೆ ಟ್ರಾಫಿಕ್ ಸ್ಕೂಲ್ ಕೊಡುವುದು ಬಿಡುವುದು ಜಡ್ಜ್ ಕೈಯಲ್ಲಿರುತ್ತದೆ. ಇದನ್ನು ಮೊದಲೇ ಯೋಚಿಸಿಕೊಳ್ಳಿ.

ಆಮೇಲೆ ಕೋರ್ಟಿನಿಂದ ಮನೆಗೆ ಒಂದು ಪತ್ರ ಬರುತ್ತದೆ. ಎಷ್ಟು ಕಟ್ಟಬೇಕು, ಯಾವ ದಿನಾಂಕದೊಳಗೆ, ಟ್ರಾಫಿಕ್ ಸ್ಕೂಲಿಗೆ ಅರ್ಹತೆ ಇದೆಯೇ, ಎಲ್ಲ ಅದರಲ್ಲಿರುತ್ತದೆ. ಮೊತ್ತದ ಪಕ್ಕ 'ಬೇಲ್' ಅಂತ ನೋಡಿ ಗಾಬರಿಯಾಗಬೇಡಿ, ಇಲ್ಲಿ ಅದು ದಂಡದ ಮೊತ್ತ ಅಷ್ಟೇ. ಪತ್ರ ಬರಲಿಲ್ಲ ಅಂತ ಕಾಯುತ್ತಾ ಕೂರಬಾರದು. ಮನೆ ಬದಲಾಯಿಸಿದವರಿಗೆ ಎಷ್ಟೋ ಸಲ ಅದು ಬರುವುದೇ ಇಲ್ಲ. ಬರದಿದ್ದರೂ ಟಿಕೆಟಿನ ಮೇಲಿರುವ ದಿನಾಂಕಕ್ಕೆ ನಾವೇ ಜವಾಬ್ದಾರರು. ಕೌಂಟಿ (ಅಂದರೆ ಜಿಲ್ಲೆ) ಕೋರ್ಟಿನ ವೆಬ್‌ಸೈಟಿನಲ್ಲಿ ಟಿಕೆಟ್ ನಂಬರ್ ಹಾಕಿ ನೋಡಬಹುದು.

ಮೊತ್ತ ನೋಡಿ ನಮ್ಮ ಮನೆಯವರು "ಇದೇನು ಇಷ್ಟೊಂದು?" ಎಂದರು. ಸ್ಟಾಪ್ ಸೈನ್ ತಪ್ಪಿಗೆ ಮೂಲ ದಂಡ ಬರೀ 35 ಡಾಲರ್. ಅದರ ಮೇಲೆ ರಾಜ್ಯದ ಪಾಲು, ಕೌಂಟಿಯ ಪಾಲು, ಕೋರ್ಟ್ ಕಟ್ಟಡಕ್ಕೆ, ತುರ್ತು ವೈದ್ಯಕೀಯ ಸೇವೆಗೆ ಅಂತ ಒಂದೊಂದೇ ಸೇರಿ 230–240 ಡಾಲರ್ ಆಗುತ್ತದೆ. ವೇಗದ ಮಿತಿಗಿಂತ ಗಂಟೆಗೆ 15 ಮೈಲಿವರೆಗೆ ಜಾಸ್ತಿ ಓಡಿಸಿದ ಸ್ಪೀಡಿಂಗ್ ಟಿಕೆಟಿಗೂ ಸುಮಾರು ಇಷ್ಟೇ. ಕೆಂಪು ದೀಪ ದಾಟಿದರೆ 490 ಡಾಲರ್ ಹತ್ತಿರ ಹೋಗುತ್ತದೆ. ಟ್ರಾಫಿಕ್ ಸ್ಕೂಲಿಗಾಗಿ ಕೋರ್ಟ್ ತೆಗೆದುಕೊಳ್ಳುವ ಶುಲ್ಕ ಇನ್ನೂ 50 ಡಾಲರ್ ಮೇಲೆ. ಒಮ್ಮೆಲೇ ಕಟ್ಟಲು ಕಷ್ಟವಾದವರು ಸಂಕೋಚ ಬಿಟ್ಟು ಕೇಳಬೇಕು. ಕಂತಿನಲ್ಲಿ ಕಟ್ಟಲು ಅವಕಾಶ ಇದೆ. ಆದಾಯ ಕಡಿಮೆ ಇದ್ದವರು ದಂಡ ಇಳಿಸಿ ಎಂದು ಆನ್‌ಲೈನಿನಲ್ಲೇ ಅರ್ಜಿ ಹಾಕಲು ಮೈಸೈಟೇಷನ್ಸ್ ಅನ್ನುವ ವ್ಯವಸ್ಥೆಯನ್ನು ಕ್ಯಾಲಿಫೋರ್ನಿಯಾ ಕೋರ್ಟುಗಳೇ ಇಟ್ಟಿವೆ. ಓದಲು ಬಂದ ಹುಡುಗರಿಗೆ ಇದನ್ನು ಮುಖ್ಯವಾಗಿ ಹೇಳುತ್ತೇನೆ.

ಇಷ್ಟು ಖರ್ಚು ಮಾಡಿ ಒಂದು ಪಾಯಿಂಟ್ ತಪ್ಪಿಸಿಕೊಳ್ಳಬೇಕೇ? ನನ್ನ ಪ್ರಕಾರ ಬೇಕು. ಇಲ್ಲಿ ಒಂದು ಪಾಯಿಂಟ್ ಸಾಮಾನ್ಯವಾಗಿ ದಾಖಲೆಯಲ್ಲಿ ಮೂರು ವರ್ಷಕ್ಕಿಂತ ಸ್ವಲ್ಪ ಜಾಸ್ತಿ, ಅಂದರೆ 39 ತಿಂಗಳು ಇರುತ್ತದೆ. 1988ರಲ್ಲಿ ಜನ ಮತ ಹಾಕಿ ತಂದ ಪ್ರಾಪೊಸಿಷನ್ 103 ಅನ್ನುವ ಕಾನೂನಿನ ಪ್ರಕಾರ ಕಾರಿನ ಇನ್ಶೂರೆನ್ಸ್ ದರ ನಿರ್ಧರಿಸುವಾಗ ಮೊದಲು ನೋಡುವುದು ಡ್ರೈವಿಂಗ್ ದಾಖಲೆಯನ್ನು. ಒಳ್ಳೆಯ ಚಾಲಕರಿಗೆ ಕನಿಷ್ಠ ಶೇಕಡಾ 20 ರಿಯಾಯಿತಿ ಕೊಡಬೇಕು ಎಂದೂ ಅದು ಹೇಳುತ್ತದೆ. ಮೂರು ವರ್ಷದಲ್ಲಿ ಒಂದು ಪಾಯಿಂಟ್ ಇದ್ದರೆ ಆ ರಿಯಾಯಿತಿ ಉಳಿಯುತ್ತದೆ, ಆದರೂ ಪ್ರೀಮಿಯಂ ಏರಬಹುದು. ಎರಡನೆಯದು ಬಂದರೆ ರಿಯಾಯಿತಿಯೇ ಹೋಗುತ್ತದೆ. ದಿನಾ ಮಕ್ಕಳನ್ನು ಶಾಲೆಗೆ, ಈಜಿಗೆ, ಸಂಗೀತಕ್ಕೆ ಕರೆದುಕೊಂಡು ಓಡಾಡುವ ನಮ್ಮಂಥವರು ಮೂರು ವರ್ಷ ಆ ಭಯದಲ್ಲಿ ಓಡಿಸುವುದಕ್ಕಿಂತ ಇದು ಮೇಲು.

ಆದರೆ ಎಲ್ಲರಿಗೂ, ಎಲ್ಲ ಟಿಕೆಟಿಗೂ ಇದು ಸಿಗುವುದಿಲ್ಲ. ಲೈಸೆನ್ಸ್ ಚಾಲ್ತಿಯಲ್ಲಿರಬೇಕು. ತಪ್ಪು ಒಂದು ಪಾಯಿಂಟಿನ ಸಣ್ಣ ತಪ್ಪಾಗಿರಬೇಕು. ಕುಡಿದು ಓಡಿಸಿದ್ದಕ್ಕೆ ಇಲ್ಲ. ವೇಗದ ಮಿತಿಗಿಂತ 25 ಮೈಲಿ ಮೀರಿ ಓಡಿಸಿದ್ದರೆ ಕೌಂಟರಿನ ಕ್ಲರ್ಕ್ ಕೊಡುವ ಹಾಗಿಲ್ಲ. ಇನ್ನು ಎಲ್ಲಕ್ಕಿಂತ ಮುಖ್ಯವಾದದ್ದು, 18 ತಿಂಗಳಿಗೆ ಒಂದೇ ಸಲ. ಆ 18 ತಿಂಗಳನ್ನು ತಪ್ಪು ನಡೆದ ದಿನದಿಂದ ಮುಂದಿನ ತಪ್ಪು ನಡೆದ ದಿನದವರೆಗೆ ಲೆಕ್ಕ ಹಾಕುತ್ತಾರೆ. ಕೋರ್ಸ್ ಮುಗಿಸಿದ ದಿನ ಲೆಕ್ಕಕ್ಕೆ ಬರುವುದಿಲ್ಲ.

ಈಗ ಕೆಲಸದ ವಿಷಯ. ಇಲ್ಲಿ ಮೂರು ಕಡೆಯವರಿದ್ದಾರೆ: ಕೋರ್ಟ್, ಶಾಲೆ, ಡಿಎಂವಿ. ಡಿಎಂವಿ ಅಂದರೆ ನಮ್ಮ ಆರ್‌ಟಿಓ ಕೆಲಸ ಮಾಡುವ ಇಲಾಖೆ. ಈ ಮೂವರ ನಡುವೆ ಮಾಹಿತಿ ಹೋಗಬೇಕು. ಹೋಗದಿದ್ದರೆ ಫೋನ್ ಮಾಡಿ "ನಿಮ್ಮದು ಬಂದಿಲ್ಲಮ್ಮ" ಎಂದು ಯಾರೂ ಹೇಳುವುದಿಲ್ಲ. ಅದನ್ನು ನಾವೇ ನೋಡಿಕೊಳ್ಳಬೇಕು. ಟ್ರಾಫಿಕ್ ಸ್ಕೂಲಿನಲ್ಲಿ ಕಷ್ಟ ಅನ್ನುವುದು ಇದ್ದರೆ ಅದು ಪರೀಕ್ಷೆಯಲ್ಲಿ ಇಲ್ಲ, ಇಲ್ಲಿದೆ.

ಹಾಗಾಗಿ ನಾನು ಮೊದಲು ಕೋರ್ಟಿಗೆ ಹೇಳಿದೆ. ಆನ್‌ಲೈನಿನಲ್ಲಿ ದುಡ್ಡು ಕಟ್ಟುವಾಗಲೇ 'ಟ್ರಾಫಿಕ್ ಸ್ಕೂಲ್ ಬೇಕು' ಅನ್ನುವ ಆಯ್ಕೆ ಬರುತ್ತದೆ. ಅದನ್ನು ಆರಿಸದೆ ಬರೀ ದಂಡ ಕಟ್ಟಿಬಿಟ್ಟರೆ ಕೇಸ್ ಅಲ್ಲಿಗೆ ಮುಗಿದು ಪಾಯಿಂಟ್ ಕೂರುತ್ತದೆ. ನನಗೆ ಗೊತ್ತಿರುವ ಒಬ್ಬರು ಹೀಗೇ ಅವಸರದಲ್ಲಿ ಕಟ್ಟಿ, ಆಮೇಲೆ ಕೋರ್ಟಿಗೆ ಓಡಾಡಬೇಕಾಯಿತು. ಕಟ್ಟಿದ ರಸೀದಿಯನ್ನೂ, ಕೋರ್ಸ್ ಮುಗಿಸಬೇಕಾದ ಕೊನೆಯ ದಿನಾಂಕವನ್ನೂ ತೆಗೆದಿಟ್ಟುಕೊಂಡೆ.

ಆಮೇಲೆ ಶಾಲೆ ಹುಡುಕಿದೆ. ಗೂಗಲ್‌ನಲ್ಲಿ ಹುಡುಕಿದರೆ ಜಾಹೀರಾತುಗಳ ಸಂತೆ. ಅಲ್ಲಿಂದ ಆರಿಸಬೇಡಿ. ಡಿಎಂವಿ ತಾನು ಲೈಸೆನ್ಸ್ ಕೊಟ್ಟ ಶಾಲೆಗಳ ಪಟ್ಟಿಯನ್ನು ತನ್ನ ವೆಬ್‌ಸೈಟಿನಲ್ಲಿ ಇಟ್ಟಿದೆ. ಪ್ರತಿ ಶಾಲೆಗೂ ಒಂದು ಲೈಸೆನ್ಸ್ ನಂಬರ್ ಇರುತ್ತದೆ. ಆ ನಂಬರ್ ಪಟ್ಟಿಯಲ್ಲಿ ಸಿಕ್ಕಿದರೆ ಮಾತ್ರ ದುಡ್ಡು ಕೊಡಿ. ಕ್ಲಾಸಿಗೆ ಹೋಗಿ ಕೂರುವ ಶಾಲೆಗಳೂ ಇವೆ, ಅಲ್ಲಿ ಒಂದು ಇಡೀ ದಿನ ಬೇಕು. ನಾನು ಆನ್‌ಲೈನ್ ಆರಿಸಿಕೊಂಡೆ. ಸ್ಪ್ಯಾನಿಷ್, ಚೈನೀಸ್ ಭಾಷೆಗಳಲ್ಲಿ ಕೋರ್ಸ್ ಕಂಡಿತು, ನಾನು ನೋಡಿದ ಕಡೆ ಕನ್ನಡ ಸಿಗಲಿಲ್ಲ. ಫೀಸ್ ಜಾಸ್ತಿ ಇರಲಿಲ್ಲ. ಆದರೆ ದುಡ್ಡು ಕಟ್ಟುವ ಪುಟದಲ್ಲಿ 'ಸರ್ಟಿಫಿಕೇಟ್ ಬೇಗ ಕಳಿಸುತ್ತೇವೆ' ಎಂಬಂಥ ಹೆಚ್ಚುವರಿಗಳನ್ನು ಸೇರಿಸಿಟ್ಟಿದ್ದರು. ಅವನ್ನು ತೆಗೆದುಹಾಕಿದೆ. ಮುಗಿಸಿದ ಮಾಹಿತಿಯನ್ನು ಶಾಲೆ ಕಂಪ್ಯೂಟರ್ ಮೂಲಕವೇ ಡಿಎಂವಿಗೆ ಕಳಿಸಬೇಕು. ಕಾಗದ ಹಿಡಿದು ಕೋರ್ಟಿಗೆ ಹೋಗುವ ಕೆಲಸ ಇಲ್ಲ.

ಕೋರ್ಸನ್ನು ಒಂದೇ ಸಲ ಕೂತು ಮುಗಿಸಬೇಕಾಗಿರಲಿಲ್ಲ. ಮಕ್ಕಳು ಮಲಗಿದ ಮೇಲೆ ದಿನಾ ಒಂದೆರಡು ಪಾಠ ಓದಿದೆ. ಪ್ರತಿ ಪಾಠದ ಕೊನೆಗೆ ಸಣ್ಣ ಪ್ರಶ್ನೆಗಳು, ಎಲ್ಲ ಮುಗಿದ ಮೇಲೆ ದೊಡ್ಡ ಪರೀಕ್ಷೆ. ಪಾಸಾಗಲು ನೂರಕ್ಕೆ 70 ಬೇಕು.

"ಉತ್ತರ ಎಲ್ಲಾ ಸಿಗುತ್ತೆ, ಸುಮ್ನೆ ಒತ್ತುತ್ತಾ ಹೋಗು" ಎಂದು ಹೇಳಿದವರಿದ್ದರು. ಗಂಡನ ಕೋರ್ಸನ್ನು ಹೆಂಡತಿ, ಅಪ್ಪನದನ್ನು ಮಗ ಮಾಡಿಕೊಡುವುದೂ ನಡೆಯುತ್ತದೆ. ಇದು ನನಗೆ ಒಪ್ಪುವುದಿಲ್ಲ. ನಾನೇ ಓದಿದೆ ಎಂದು ಹೇಳಿ ಪಡೆಯುವ ಸವಲತ್ತು ಇದು, ಅದರಲ್ಲಿ ಸುಳ್ಳು ಸೇರಿಸಬಾರದು. ಅದಕ್ಕಿಂತ ದೊಡ್ಡ ಕಾರಣ, ಆ ಪಾಠಗಳು ನಿಜವಾಗಲೂ ಬೇಕಾದವು. ನಾವು ಊರಿನಲ್ಲಿ ಓಡಿಸಿ ಬಂದವರು, ಇಲ್ಲಿ ಲೈಸೆನ್ಸಿಗಾಗಿ ಗಡಿಬಿಡಿಯಲ್ಲಿ ಪುಸ್ತಕ ತಿರುವಿದವರು. ಎಷ್ಟೋ ನಿಯಮ ಅರ್ಧಂಬರ್ಧ ಗೊತ್ತಿರುತ್ತದೆ.

ಸ್ಟಾಪ್ ಸೈನನ್ನೇ ತೆಗೆದುಕೊಳ್ಳಿ. ಎಲ್ಲಿ ನಿಲ್ಲಬೇಕು? ಬಿಳಿ ಗೆರೆ ಇದ್ದರೆ ಅದರ ಹಿಂದೆ. ಗೆರೆ ಇಲ್ಲದಿದ್ದರೆ ಜನ ದಾಟುವ ಪಟ್ಟಿಯ ಹಿಂದೆ. ಅದೂ ಇಲ್ಲದಿದ್ದರೆ ಅಡ್ಡ ರಸ್ತೆಗೆ ಕಾಲಿಡುವ ಮೊದಲು. ಅಲ್ಲಿಂದ ಏನೂ ಕಾಣದಿದ್ದರೆ ಮೊದಲು ಅಲ್ಲೇ ಪೂರ್ತಿ ನಿಂತು, ಆಮೇಲೆ ನಿಧಾನವಾಗಿ ಕಾಣುವಷ್ಟು ಮುಂದೆ ಬರಬೇಕು. ಕಾಣಲಿ ಅಂತ ಮುಂದೆ ಬಂದು ಅಲ್ಲಿ ನಿಲ್ಲುವುದು ತುಂಬಾ ಜನರ ಅಭ್ಯಾಸ. ಅಷ್ಟರಲ್ಲಿ ಕಾರಿನ ಮೂತಿ ಮಗುವೊಂದು ನಡೆದು ಬರುವ ಜಾಗದಲ್ಲಿ ಇರುತ್ತದೆ. ಆ ಬಿಳಿ ಗೆರೆ ಯಾಕೆ ಅಷ್ಟು ಹಿಂದೆ ಇದೆ ಅಂತ ಈ ಪಾಠ ಓದಿದಾಗಲೇ ನನಗೆ ಸರಿಯಾಗಿ ಅರ್ಥವಾಗಿದ್ದು. ನಾಲ್ಕೂ ಕಡೆ ಸ್ಟಾಪ್ ಸೈನ್ ಇದ್ದರೆ ಮೊದಲು ಬಂದವರು ಮೊದಲು. ಇಬ್ಬರೂ ಒಟ್ಟಿಗೆ ಬಂದರೆ ಬಲಗಡೆ ಇರುವವರಿಗೆ ದಾರಿ. ಕೆಂಪು ದೀಪದಲ್ಲಿ ಬಲಕ್ಕೆ ತಿರುಗುವಾಗಲೂ ಇದೇ ರೀತಿ ಪೂರ್ತಿ ನಿಂತೇ ತಿರುಗಬೇಕು.

ನನಗೆ ಗೊತ್ತೇ ಇಲ್ಲದ ಸಂಗತಿಯೂ ಇತ್ತು. ಯಾವ ಕಡೆಯೂ ಸ್ಟಾಪ್ ಸೈನ್ ಇಲ್ಲದ ಅಡ್ಡರಸ್ತೆಗಳಿರುತ್ತವಲ್ಲ, ಅಲ್ಲಿ ದಾಟುವ ಮೊದಲಿನ 100 ಅಡಿಯಲ್ಲಿ ಎರಡೂ ಪಕ್ಕ 100 ಅಡಿ ಕಾಣದಿದ್ದರೆ ವೇಗ 15 ಮೈಲಿ ದಾಟಬಾರದು. ಮರ, ಬೇಲಿ, ನಿಂತ ಕಾರು ಅಡ್ಡ ಇರುವ ಹಳೆಯ ಬಡಾವಣೆಗಳಲ್ಲಿ ಇದು ದಿನಾ ಬರುವ ವಿಷಯ. ಇನ್ನೊಂದು ಲೆಕ್ಕ ನನ್ನ ತಲೆಯಲ್ಲಿ ಕೂತುಬಿಟ್ಟಿದೆ. 35 ಮೈಲಿ ವೇಗದಲ್ಲಿ ಹೋಗುವ ಕಾರು, ನಾವು ಅಪಾಯ ಗಮನಿಸಿ ಬ್ರೇಕ್ ಒತ್ತಿ ಪೂರ್ತಿ ನಿಲ್ಲುವಷ್ಟರಲ್ಲಿ ಸುಮಾರು 210 ಅಡಿ ಹೋಗಿರುತ್ತದೆ. 55 ಮೈಲಿಯಲ್ಲಿ 400 ಅಡಿ. ಶಾಲೆಯ ಬಸ್ಸಿನ ಕೆಂಪು ದೀಪ ಮಿನುಗುವಾಗ ಯಾಕೆ ನಿಲ್ಲಲೇಬೇಕು, ಸೈಕಲ್ ಹೋಗುವವರನ್ನು ದಾಟುವಾಗ ಯಾಕೆ ಕನಿಷ್ಠ ಮೂರಡಿ ಬಿಡಬೇಕು ಅನ್ನುವುದು ಈ ಲೆಕ್ಕ ಗೊತ್ತಿದ್ದರೆ ಬೇರೆಯೇ ರೀತಿ ಮನಸ್ಸಿಗೆ ಹೋಗುತ್ತದೆ.

ಪರೀಕ್ಷೆ ಪಾಸಾಯಿತು, ಶಾಲೆಯಿಂದ ರಸೀದಿಯೂ ಬಂತು. ಅಲ್ಲಿಗೆ ನಿಲ್ಲಿಸದೆ ಕೆಲವು ದಿನ ಬಿಟ್ಟು ಕೋರ್ಟಿನ ವೆಬ್‌ಸೈಟ್ ನೋಡಿದೆ. ಕೋರ್ಸ್ ಇನ್ನೂ ಬಾಕಿ ಎಂದೇ ಇತ್ತು. ಮತ್ತೆ ನೋಡಿದರೂ ಹಾಗೇ ಇತ್ತು. ಶಾಲೆಗೆ ಫೋನ್ ಮಾಡಿದೆ. ಅವರ ಕಡೆಯಿಂದ ಹೋದ ಮಾಹಿತಿಯಲ್ಲಿ ಟಿಕೆಟ್ ನಂಬರಿನ ಎರಡು ಅಂಕಿ ಅದಲುಬದಲಾಗಿತ್ತು. ಫೋನಿನಲ್ಲಿ ಸಿಕ್ಕ ಹೆಣ್ಣುಮಗಳು ತಾಳ್ಮೆಯಿಂದ ನಂಬರ್ ಓದಿಸಿಕೊಂಡು, ಸರಿ ಮಾಡಿ ಮತ್ತೆ ಕಳಿಸಿದರು. ಕೊನೆಯ ದಿನಾಂಕಕ್ಕೆ ಇನ್ನೂ ಸಮಯ ಇದ್ದುದರಿಂದ ಏನೂ ತೊಂದರೆಯಾಗಲಿಲ್ಲ. ಕೊನೆಯ ವಾರದವರೆಗೆ ಎಳೆಯಬೇಡಿ ಎಂದು ನಾನು ಎಲ್ಲರಿಗೂ ಒತ್ತಿ ಹೇಳುವುದು ಇದಕ್ಕೇ. ದಿನಾಂಕ ಮೀರಿದರೆ ಕಟ್ಟಿದ ದುಡ್ಡೂ ಹೋಯಿತು, ಪಾಯಿಂಟೂ ಬಂತು.

ಕೋರ್ಟಿನಲ್ಲಿ ಕೇಸ್ ಮುಗಿದಿದೆ ಎಂದು ಕಂಡ ಮೇಲೆ ಡಿಎಂವಿ ವೆಬ್‌ಸೈಟಿನಲ್ಲಿ ನನ್ನ ಡ್ರೈವಿಂಗ್ ದಾಖಲೆ ತೆಗೆಸಿದೆ. ಅದಕ್ಕೆ 2 ಡಾಲರ್. ಪಾಯಿಂಟ್ ಇರಲಿಲ್ಲ. ಮುಂದಿನ ಇನ್ಶೂರೆನ್ಸ್ ನವೀಕರಣದಲ್ಲೂ ಈ ಟಿಕೆಟಿನ ಸುದ್ದಿ ಬರಲಿಲ್ಲ.

ಬೇರೆ ರಾಜ್ಯದಲ್ಲಿರುವ ನೆಂಟರು ನನ್ನ ಮಾತನ್ನು ಹಾಗೇ ಪಾಲಿಸಬಾರದು. ಟೆಕ್ಸಾಸ್‌ನಲ್ಲಿ ಇದಕ್ಕೆ ಡಿಫೆನ್ಸಿವ್ ಡ್ರೈವಿಂಗ್ ಅನ್ನುತ್ತಾರೆ. ಅಲ್ಲಿ ಕೋರ್ಟಿನ ಒಪ್ಪಿಗೆ ಪಡೆದು ಕೋರ್ಸ್ ಮುಗಿಸಿ, ಸರ್ಟಿಫಿಕೇಟನ್ನು ನಾವೇ ಕೋರ್ಟಿಗೆ ಮುಟ್ಟಿಸಿದರೆ ಕೇಸ್ ನಿಜವಾಗಿಯೂ ವಜಾ ಆಗುತ್ತದೆ. ನ್ಯೂಯಾರ್ಕ್‌ನಲ್ಲಿ ಕೋರ್ಸ್ ಮಾಡಿದರೂ ಟಿಕೆಟ್ ದಾಖಲೆಯಲ್ಲಿ ಉಳಿಯುತ್ತದೆ. ಆದರೆ ಲೈಸೆನ್ಸ್ ಅಮಾನತಿನ ಲೆಕ್ಕದಲ್ಲಿ 4 ಪಾಯಿಂಟ್‌ವರೆಗೆ ಕಳೆಯುತ್ತಾರೆ, ಇನ್ಶೂರೆನ್ಸಿನಲ್ಲಿ ಮೂರು ವರ್ಷ ಶೇಕಡಾ 10 ಇಳಿಯುತ್ತದೆ.

ಗ್ರೀನ್ ಕಾರ್ಡ್, ಪೌರತ್ವದ ದಾರಿಯಲ್ಲಿರುವವರು ಟಿಕೆಟಿನ ಪ್ರತಿ, ಕೋರ್ಟಿನ ರಸೀದಿ, ಕೇಸ್ ಮುಗಿದ ಪುಟ, ಶಾಲೆಯ ರಸೀದಿ ನಾಲ್ಕನ್ನೂ ಒಂದೇ ಕಡೆ ಉಳಿಸಿಡಿ. ಗೋಪ್ಯ ಅನ್ನುವುದು ಇನ್ಶೂರೆನ್ಸಿನವರಿಗೆ ಮಾತ್ರ. ಪೌರತ್ವದ ಎನ್-400 ಅರ್ಜಿಯಲ್ಲಿ ಪೊಲೀಸರು ಕೊಟ್ಟ ಸೈಟೇಷನ್, ಅಂದರೆ ಟಿಕೆಟ್, ಬಗ್ಗೆ ಪ್ರಶ್ನೆ ಇದೆ. ಟ್ರಾಫಿಕ್ ಸ್ಕೂಲ್ ಮಾಡಿದ್ದೇನೆ ಅಂತ 'ಇಲ್ಲ' ಎಂದು ಬರೆಯುವ ಮೊದಲು ನಿಮ್ಮ ವಕೀಲರನ್ನು ಕೇಳಿ.