ಅತ್ತೆ ಮನೆಯವರ ಮೇಲೆ ದೂರು: ಯಾರ ಹೆಸರು, ಹೇಗೆ ಬರೆಯಬೇಕು?

ಆಳಂದದ ಹುಡುಗಿಯನ್ನು ಸೊಲ್ಲಾಪುರಕ್ಕೆ ಕೊಟ್ಟಿದ್ದಾರೆ ಅಂದುಕೊಳ್ಳಿ. ಹುಂಡಾ (ವರದಕ್ಷಿಣೆ) ಸಾಲದು ಎಂದು ಕಾಟ ಶುರುವಾಗಿ ಆಕೆ ತವರಿಗೆ ಬಂದಿದ್ದಾಳೆ. ದೂರು ಕೊಡಲು ಮತ್ತೆ ಸೊಲ್ಲಾಪುರಕ್ಕೆ ಹೋಗಬೇಕಾ? ಬೇಡ. ಹೆಣ್ಣುಮಗಳು ಆಸರೆ ಪಡೆದ ಊರಿನಲ್ಲೂ ಕೇಸು ನಡೆಸಬಹುದು ಎಂದು ಸುಪ್ರೀಂ ಕೋರ್ಟ್ 2019ರಲ್ಲೇ ಹೇಳಿದೆ. ಆಳಂದದಲ್ಲೇ ದೂರು ಕೊಡಬಹುದು. ಅಪ್ಪ, ಅವ್ವ, ಒಡಹುಟ್ಟಿದವರೂ ಆಕೆಯ ಪರವಾಗಿ ಕೊಡಬಹುದು.

ಮೊದಲ ಕೆಲಸ ದೂರು ಬರೆಯುವುದು. ಅವಸರ ಮಾಡಬೇಡಿ. ದೂರುಗಳಲ್ಲಿ ಈ ಸಾಲು ಜಾಸ್ತಿ: ‘ಗಂಡ, ಅತ್ತೆ, ಮಾವ, ಭಾವ, ನೆಗೆಣ್ಣಿ, ನಾದಿನಿ ಎಲ್ಲರೂ ಸೇರಿ ದೈಹಿಕ ಮತ್ತು ಮಾನಸಿಕ ಕಿರುಕುಳ ಕೊಟ್ಟಿದ್ದಾರೆ.’ ಕೇಸು ಸೋರುವುದು ಇಲ್ಲೇ. ಯಾರು ಏನು ಮಾಡಿದರು ಎಂದು ಹೇಳದೆ ಹೆಸರು ಮಾತ್ರ ಪೋಣಿಸಿದ್ದಕ್ಕೆ 2022ರಲ್ಲೂ 2024ರ ಡಿಸೆಂಬರ್‌ನಲ್ಲೂ ಸುಪ್ರೀಂ ಕೋರ್ಟ್ ಗಂಡನ ಮನೆಯವರ ಮೇಲಿನ ಕೇಸು ರದ್ದು ಮಾಡಿದೆ.

ಹಾಗಾದರೆ ಹೇಗೆ ಬರೆಯಬೇಕು? ಒಬ್ಬೊಬ್ಬರದ್ದೂ ಬೇರೆ ಬೇರೆ. ‘ನಾಗರಪಂಚಮಿಗೆ ತವರಿಗೆ ಹೊರಟಾಗ, ಎರಡು ತೊಲ ಬಂಗಾರ ಇಲ್ಲದೆ ವಾಪಸ್ ಬರಬೇಡ ಎಂದು ಅತ್ತೆ ಅಂಗಳದಲ್ಲಿ ಕೂಗಿದರು. ಪಕ್ಕದ ಮನೆಯವರು ಕೇಳಿಸಿಕೊಂಡರು.’ ಇಷ್ಟು ಸಾಕು. ತಾರೀಖು ನೆನಪಿಲ್ಲದಿದ್ದರೆ ಹಬ್ಬ, ತೊಗರಿ ರಾಶಿ, ಹೆರಿಗೆ, ಏನಾದರೊಂದು ಗುರುತು ಕೊಡಿ. ಪುಣೆಯಲ್ಲಿರುವ ನಾದಿನಿ ದಸರಾಕ್ಕೆ ಬಂದು ಊಟ ಮಾಡಿ ಹೋಗಿದ್ದರೆ ಆಕೆಯ ಹೆಸರು ಯಾಕೆ? ಅದೇ ನಾದಿನಿ ಫೋನಿನಲ್ಲಿ ಕಾರು ಕೇಳಿದ್ದರೆ ಬರೆಯಲೇಬೇಕು. ಸಿಟ್ಟಿಗೆ ಸೇರಿಸಿದ ಒಂದು ಹೆಸರು ನಿಜ ಹೇಳಿದ ಉಳಿದ ಸಾಲುಗಳ ಮೇಲೂ ಅನುಮಾನ ತರುತ್ತದೆ.

ಹಿರಿಯರು ಕೂಡಿ ಪಂಚಾಯಿತಿ ಮಾಡಿದ್ದರೆ ಅದನ್ನೂ ಬರೆಯಿರಿ. ಎಲ್ಲಿ ಕೂತರು, ಯಾರಿದ್ದರು, ಏನು ಒಪ್ಪಿಕೊಂಡರು? ನಾಳೆ ಅವರೇ ಸಾಕ್ಷಿಗಳು. ಲಗ್ನಪತ್ರಿಕೆ, ಫೋಟೊ, ಬಂಗಾರದ ರಸೀದಿ, ಹಣ ಕಳಿಸಿದ ಲೆಕ್ಕ, ಆಸ್ಪತ್ರೆ ಚೀಟಿ ಜೋಡಿಸಿಡಿ. ವಾಟ್ಸ್ಆ್ಯಪ್ ಮೆಸೇಜು ಅಳಿಸಬೇಡಿ, ಆ ಫೋನನ್ನೂ ಮಾರಬೇಡಿ.

‘ಕೊಟ್ಟದ್ದೂ ತಪ್ಪು ಅಲ್ವಾ?’ ಎಂದು ತವರಿನವರು ಹೆದರುತ್ತಾರೆ. 1961ರ ವರದಕ್ಷಿಣೆ ನಿಷೇಧ ಕಾಯ್ದೆಯಲ್ಲಿ ಕೊಡುವುದೂ ಅಪರಾಧವೇ. ಆದರೆ ನೊಂದವರು ಕೊಟ್ಟ ಹೇಳಿಕೆಯನ್ನೇ ಹಿಡಿದು ಆ ಕಾಯ್ದೆಯಡಿ ಅವರ ಮೇಲೆ ಕೇಸು ಹಾಕುವಂತಿಲ್ಲ.

ಠಾಣೆಯಲ್ಲಿ ಎಫ್‌ಐಆರ್ ಪ್ರತಿ ಪುಕ್ಕಟೆ, ಕೇಳಿ ಪಡೆಯಿರಿ. 2024ರ ಜುಲೈ 1ರಿಂದ ಈಚಿನ ಘಟನೆಗಳಿಗೆ ಭಾರತೀಯ ನ್ಯಾಯ ಸಂಹಿತೆಯ 85ನೇ ಕಲಂ, ಹಿಂದಿನವಕ್ಕೆ ಹಳೆಯ ಭಾರತೀಯ ದಂಡ ಸಂಹಿತೆಯ 498ಎ. ಎರಡರಲ್ಲೂ 3 ವರ್ಷದವರೆಗೆ ಜೈಲು, ಜೊತೆಗೆ ದಂಡ. ದೂರು ತೆಗೆದುಕೊಳ್ಳದಿದ್ದರೆ ಅಂಚೆಯಲ್ಲಿ ಎಸ್‌ಪಿಗೆ ಕಳಿಸಿ. ಅಲ್ಲೂ ಆಗದಿದ್ದರೆ ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಹೋಗಬಹುದು.

ದೂರು ಕೊಟ್ಟ ರಾತ್ರಿಯೇ ಅತ್ತೆ-ಮಾವ ಜೈಲಿಗೆ ಹೋಗುತ್ತಾರೆ ಎಂಬುದು ಸುಮ್ನೆ ಮಾತು. ಕಾರಣ ಬರೆದಿಡದೆ ಬಂಧಿಸಬಾರದು ಎಂದು ಸುಪ್ರೀಂ ಕೋರ್ಟ್ 2014ರಲ್ಲಿ ಕಟ್ಟಪ್ಪಣೆ ಮಾಡಿದೆ. ಸಾಮಾನ್ಯವಾಗಿ ಮೊದಲು ಹಾಜರಾಗಲು ನೋಟಿಸ್ ಬರುತ್ತದೆ. ನೋಟಿಸ್ ಬಂದವರು ತಪ್ಪಿಸಿಕೊಂಡರೆ ಬಂಧನಕ್ಕೆ ತಾವೇ ಕಾರಣ ಕೊಟ್ಟಂತೆ. ಅವರು ಜಿಲ್ಲಾ ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನು (ಬಂಧನಕ್ಕೆ ಮೊದಲೇ ಪಡೆಯುವ ಜಾಮೀನು) ಕೇಳಬಹುದು. ಕೇಸೇ ಸುಳ್ಳು ಎನ್ನುವವರು ರದ್ದತಿಗೆ ಹೈಕೋರ್ಟಿಗೆ ಹೋಗಬೇಕು. ಕಲಬುರಗಿ, ಬೀದರ್, ಯಾದಗಿರಿಯವರಿಗೆ ಬೆಂಗಳೂರಿನ ದಾರಿ ಬೇಕಿಲ್ಲ, 2013ರಿಂದ ಕಲಬುರಗಿಯಲ್ಲೇ ಕಾಯಂ ಪೀಠವಿದೆ. ಅಲ್ಲಿ ನ್ಯಾಯಮೂರ್ತಿಗಳು ಮೊದಲು ತೆರೆಯುವುದು ನೀವು ಬರೆದ ಆ ದೂರನ್ನೇ. ವಿವರವಿಲ್ಲದ ಹೆಸರುಗಳು ಉದುರಬಹುದು, ವಿವರ ಇದ್ದವರ ಮೇಲೆ ಕೇಸು ಮುಂದುವರಿಯಬಹುದು.

ಆಮೇಲೆ ಆರೋಪಪಟ್ಟಿ, ಸಾಕ್ಷಿ, ಪಾಟೀಸವಾಲು. ತಾರೀಖಿನ ಮೇಲೆ ತಾರೀಖು, ಗೊತ್ತಲ್ಲ! ನಡುವೆ ರಾಜಿಯಾದರೆ ಠಾಣೆಯಲ್ಲಿ ಬಾಂಡ್ ಪೇಪರಿಗೆ ಸಹಿ ಹಾಕಿದ ಮಾತ್ರಕ್ಕೆ ಕೇಸು ಮುಗಿಯುವುದಿಲ್ಲ. ರದ್ದು ಮಾಡಿಸಲು ಹೈಕೋರ್ಟಿಗೇ ಹೋಗಬೇಕು.

ಖರ್ಚಿಗೆ ಹಣ, ಇರಲು ಜಾಗ ಈ ಕೇಸಿನಲ್ಲಿ ಸಿಗುವುದಿಲ್ಲ. ಅದಕ್ಕೆ 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯಡಿ ಬೇರೆ ಅರ್ಜಿ ಹಾಕಬೇಕು. ವಕೀಲರ ಫೀಸು ಕಷ್ಟವಾದರೆ ಕೋರ್ಟ್ ಆವರಣದ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಹೆಣ್ಣುಮಕ್ಕಳಿಗೆ ಅಲ್ಲಿ ಆದಾಯ ಎಷ್ಟೇ ಇರಲಿ ವಕೀಲರು ಪುಕ್ಕಟೆ. ಫೋನು 15100. ಹೊಡೆತ ನಡೆದಿರುವಾಗಲೇ ಆದರೆ 112.