ಚಾಂಗ್‌ಥಾಂಗ್‌ನಲ್ಲಿ ಬಾಚಣಿಗೆ ಹಿಡಿದ ಬೇಸಿಗೆ

ಕಂಬಳಿ ನೇಯುವ ಮನೆಯಲ್ಲಿ ಬೆಳೆದ ನನಗೆ ಉಣ್ಣೆ ಎಂದರೆ ಕತ್ತರಿ. ಚಳ್ಳಕೆರೆ ಸೀಮೆಯಲ್ಲಿ ಕುರಿಯನ್ನು ಕೆಡವಿ, ಕಾಲು ಕಟ್ಟಿ, ಉಣ್ಣೆ ಕತ್ತರಿಸುತ್ತೇವೆ. ಶಾಲಿನ ನಯವಾದ ಉಣ್ಣೆ ಕೊಡುವ ಪಶ್ಮೀನಾ ಮೇಕೆಗೆ ಮಾತ್ರ ಬಾಚಣಿಗೆ ಬೇಕು. ಆ ಕೆಲಸ ಕಲಿಯಲೆಂದು ಲಡಾಖ್‌ನ ಪೂರ್ವದಲ್ಲಿರುವ ಚಾಂಗ್‌ಥಾಂಗ್‌ಗೆ ಹೋಗಿ ಒಂದು ಬೇಸಿಗೆ ಅಲ್ಲಿನ ಅಲೆಮಾರಿ ಪಶುಪಾಲಕರಾದ ಚಾಂಗ್‌ಪಾ ಜನರ ಕುಟುಂಬವೊಂದರ ಜೊತೆ ಇದ್ದೆ. ಬಾಚುವುದನ್ನು ಕಲಿತೆ, ನಿಜ. ಆದರೆ ಹೆಚ್ಚಿನ ಹೊತ್ತು ಕಳೆದದ್ದು ಹಾಲು ಕರೆಯುವುದರಲ್ಲಿ, ಮೊಸರು ಕಡೆಯುವುದರಲ್ಲಿ, ಸಗಣಿ ಆಯುವುದರಲ್ಲಿ.

ಲೇಹ್ ಸುಮಾರು 3,500 ಮೀಟರ್ ಎತ್ತರದಲ್ಲಿದೆ. ತ್ಸೋ ಮೊರಿರಿ ಸರೋವರದ ದಡದ ಕೋರ್ಜೋಕ್ ಇನ್ನೂ ಸಾವಿರ ಮೀಟರ್ ಮೇಲೆ. ಲೇಹ್‌ನಲ್ಲಿ ಸುಮ್ಮನೆ ಕುಳಿತು ಮೈ ಒಗ್ಗಿಸಿಕೊಂಡು, ಗಡಿ ಪ್ರದೇಶಕ್ಕೆ ಪರವಾನಗಿ ಬೇಕಿದ್ದರೆ ಪಡೆದು, ಉಪ್ಶಿ, ಚುಮಾಥಾಂಗ್ ದಾಟಿ ಮಾಹೆ ಸೇತುವೆಯವರೆಗೆ ಸಿಂಧೂ ನದಿಯ ಜೊತೆಗೇ ಸಾಗಬೇಕು. ಬೇಸಿಗೆಯ ಗುಡಾರಗಳು ಕೋರ್ಜೋಕ್‌ನ ಮೇಲಿನ ಕಣಿವೆ ಕೋರ್ಜೋಕ್ ಫೂನಲ್ಲಿ ಇರುತ್ತವೆ.

ನಮ್ಮ ಕಡೆಯವರು ಟಿಬೆಟನ್ನರನ್ನು ಬೈಲುಕುಪ್ಪೆಯಲ್ಲೋ ಮುಂಡಗೋಡಿನಲ್ಲೋ ನೋಡಿರುತ್ತಾರೆ. ಅಲ್ಲಿ ಕಾಣುವುದು ಮಠ, ಮುಸುಕಿನ ಜೋಳದ ಹೊಲ, ಸ್ವೆಟರ್ ವ್ಯಾಪಾರ. ಚಾಂಗ್‌ಥಾಂಗ್ ಬೇರೆಯೇ ಲೋಕ. ಟಿಬೆಟ್‌ನ ಉತ್ತರದ ಮಹಾ ಪ್ರಸ್ಥಭೂಮಿ ಗಡಿ ದಾಟಿ ಲಡಾಖ್‌ನೊಳಕ್ಕೆ ಚಾಚಿಕೊಂಡಿದೆ. ಧರ್ಮ, ಕಪ್ಪು ಗುಡಾರ, ಜಾನುವಾರು ಎರಡೂ ಕಡೆ ಒಂದೇ. 1959ರ ನಂತರ ಆಚೆಯಿಂದ ಮಂದೆಯೊಂದಿಗೆ ಬಂದ ಟಿಬೆಟನ್ ಕುಟುಂಬಗಳೂ ಇಲ್ಲಿ ಮೇಯಿಸುತ್ತಿವೆ. ಬಂದವರಿಗೂ ಇದ್ದವರಿಗೂ ಹುಲ್ಲು ಅದೇ. ಎಲ್ಲಿ, ಯಾವಾಗ ಮೇಯಿಸಬೇಕು ಎಂಬುದನ್ನು ‘ಗೋಬಾ’ ಎಂಬ ಮುಖಂಡ ಹಿರಿಯರೊಂದಿಗೆ ಕುಳಿತು ತೀರ್ಮಾನಿಸುತ್ತಾನೆ. ಅಲೆಮಾರಿ ಎಂದರೆ ಮನಸ್ಸು ಬಂದತ್ತ ಹೋಗುವವನು ಎಂದುಕೊಂಡವರು ಆ ಪಂಚಾಯಿತಿಯಲ್ಲಿ ಅರ್ಧ ಗಂಟೆ ಕೂರಬೇಕು.

ನನ್ನ ಪಾಠ ಹಗ್ಗದಿಂದ ಶುರುವಾಯಿತು. ಬೆಳಿಗ್ಗೆ ಮಂದೆ ಮೇಯಲು ಹೊರಡುವ ಮೊದಲು ಹಾಲು ಕೊಡುವ ಮೇಕೆಗಳನ್ನು ಒಂದೇ ಉದ್ದನೆಯ ಹಗ್ಗಕ್ಕೆ ಕಟ್ಟುತ್ತಾರೆ. ಒಂದು ಮೇಕೆಯ ಮುಖ ಈ ಕಡೆಗಿದ್ದರೆ ಮುಂದಿನದರ ಮುಖ ಎದುರು ಕಡೆಗೆ. ಕೊರಳಿನ ಪಕ್ಕ ಕೊರಳು ಬರುವಂತೆ ಹಗ್ಗವನ್ನು ಸುತ್ತುತ್ತಾ ಹೋದರೆ ಎದುರುಬದುರಾಗಿ ಎರಡು ಸಾಲು ನಿಲ್ಲುತ್ತವೆ. ತಲೆಗಳೆಲ್ಲ ನಡುವೆ ಹೆಣೆದುಕೊಂಡಿರುತ್ತವೆ, ಕೆಚ್ಚಲುಗಳೆಲ್ಲ ಹೊರಗಡೆ. ಹಿಂದಿನಿಂದ ಕುಕ್ಕರುಗಾಲಿನಲ್ಲಿ ಕುಳಿತು, ಹಿಂಗಾಲುಗಳ ನಡುವೆ ಕೈ ಹಾಕಿ ಕರೆಯುತ್ತಾ ಸಾಲಿನುದ್ದಕ್ಕೂ ಸರಿಯಬೇಕು. ಎಲ್ಲ ಮುಗಿದ ಮೇಲೆ ಹಗ್ಗದ ತುದಿ ಹಿಡಿದು ಎಳೆದರೆ ಸಾಲು ತಾನಾಗಿಯೇ ಬಿಚ್ಚಿಕೊಳ್ಳುತ್ತದೆ. ಅದನ್ನು ಎಷ್ಟು ಸಲ ನೋಡಿದರೂ ನನಗೆ ಬೇಸರವಾಗಲಿಲ್ಲ. ನಾನಿದ್ದ ಮನೆಯ ಯಜಮಾನಿಯನ್ನು ಅಲ್ಲಿನವರಂತೆ ‘ಆಮಾ-ಲೆ’ ಎಂದು ಕರೆಯುತ್ತಿದ್ದೆ. ಆಕೆ ನನಗೆ ಮೊದಲು ಕೊಟ್ಟದ್ದು ಹಾಲಿನ ಪಾತ್ರೆಯನ್ನಲ್ಲ, ಆ ಹಗ್ಗವನ್ನು. ಗಂಟು ತಪ್ಪಿದರೆ ಮೇಕೆಯ ಕುತ್ತಿಗೆ ಬಿಗಿಯುತ್ತದೆ, ಸಡಿಲಾದರೆ ಸಾಲೇ ಕದಲುತ್ತದೆ.

ಹಾಲಿನ ಕೆಲಸ ಅಲ್ಲಿಗೆ ಮುಗಿಯುವುದಿಲ್ಲ. ಹೆಪ್ಪು ಹಾಕಿದ ಮೊಸರನ್ನು ಮೇಕೆಯ ಇಡೀ ಚರ್ಮದ ಚೀಲಕ್ಕೆ ತುಂಬಿ, ಬಾಯಿ ಕಟ್ಟಿ, ಮೊಣಕಾಲೂರಿ ಕುಳಿತು ಹಿಂದೆ ಮುಂದೆ ತೂಗುತ್ತಾ ಇರಬೇಕು. ಒಳಗಿನ ಸದ್ದು ಬದಲಾದಾಗ ಬೆಣ್ಣೆ ಬಂತೆಂದು ಲೆಕ್ಕ. ಆಮಾ-ಲೆ ಅದನ್ನು ಗುಡಾರದ ಹೊರಗಿನಿಂದಲೇ ಹೇಳುತ್ತಿದ್ದರು. ಉಳಿದ ಮಜ್ಜಿಗೆಯನ್ನು ಕುದಿಸಿ, ಒಡೆದ ಗಟ್ಟಿಯನ್ನು ಹಿಂಡಿ, ಬಿಸಿಲಿಗೆ ಒಣಹಾಕಿದರೆ ಚುರ್ಪೆ. ಕಲ್ಲಿನಷ್ಟು ಗಟ್ಟಿಯಾದ ಅದು ಚಳಿಗಾಲದ ಸಾರಿಗೆ ಬೀಳುತ್ತದೆ. ಬೆಣ್ಣೆಯನ್ನು ಕುರಿಯ ಜಠರದ ಚೀಲದಲ್ಲಿ ತುಂಬಿ ಹೊಲಿದಿಡುತ್ತಾರೆ. ಉಪ್ಪು-ಬೆಣ್ಣೆಯ ಚಹಾ, ಹುರಿದ ಬಾರ್ಲಿಯ ಹಿಟ್ಟು, ಚುರ್ಪೆ: ದಿನದ ಊಟ ಇಷ್ಟೇ. ಬಾರ್ಲಿ ಅಲ್ಲಿ ಬೆಳೆಯುವುದು ಅಪರೂಪ. ಹಿಂದೆ ತ್ಸೋ ಕರ್ ಸರೋವರದ ಉಪ್ಪನ್ನು ಹೊರೆಸಿಕೊಂಡು ಪಕ್ಕದ ಝಾನ್ಸ್ಕಾರ್ ಕಣಿವೆಗೆ ಹೋಗಿ, ಬದಲಿಗೆ ಬಾರ್ಲಿ ತರುತ್ತಿದ್ದರಂತೆ. ಈಗ ಅಂಗಡಿಯ ಅಕ್ಕಿ, ಗೋಧಿ ಹಿಟ್ಟು ಲಾರಿಯಲ್ಲೇ ಬರುತ್ತವೆ.

ಮರವಿಲ್ಲದ ನಾಡಿನಲ್ಲಿ ಸೌದೆಯ ಮಾತೆಲ್ಲಿ? ಯಾಕ್ ಸಗಣಿ ತಾನಾಗಿಯೇ ಒಣಗಿ ಹಗುರಾಗುತ್ತದೆ, ಬೆನ್ನಿನ ಬುಟ್ಟಿಗೆ ಆಯ್ದು ಹಾಕಿಕೊಳ್ಳುವುದಷ್ಟೇ ಕೆಲಸ. ಮೇಕೆಯ ಹಿಕ್ಕೆಗೆ ಮಾತ್ರ ತಿದಿ ಒತ್ತದೆ ಉರಿ ಏಳುವುದಿಲ್ಲ. ಆ ಎತ್ತರದಲ್ಲಿ ಬುಟ್ಟಿ ಹೊತ್ತು ಏರು ಹತ್ತುವಾಗ ನನ್ನ ಉಸಿರು ಕಟ್ಟುತ್ತಿತ್ತು, ಮನೆಯ ಅಜ್ಜಿ ಹಾಡುತ್ತಾ ಮುಂದೆ ಹೋಗುತ್ತಿದ್ದರು.

ಇನ್ನು ಬಾಚುವ ಕೆಲಸ. ಚಳಿಗಾಲದ ಕೊರೆತಕ್ಕೆ ಮೇಕೆಯ ಒರಟು ಹೊರಗೂದಲಿನ ಕೆಳಗೆ ಮೆತ್ತನೆಯ ತುಪ್ಪಳ ಬೆಳೆದಿರುತ್ತದೆ. ಜೂನ್-ಜುಲೈ ಹೊತ್ತಿಗೆ ಅದು ಬುಡ ಬಿಟ್ಟು ಉದುರಲು ಶುರುವಾಗುತ್ತದೆ; ಬಾಚುವುದು ಆಗಲೇ. ಭುಜದ ಬಳಿ ಕೂದಲು ಬಿಡಿಸಿ, ತುಪ್ಪಳವನ್ನು ಬೆರಳಲ್ಲಿ ಹಿಡಿದು ಮೆಲ್ಲಗೆ ಎಳೆದು ನೋಡಬೇಕು. ಸಲೀಸಾಗಿ ಬಂದರೆ ಆ ಮೇಕೆ ಇವತ್ತಿನದು, ಇಲ್ಲವಾದರೆ ಮುಂದಿನ ವಾರದ್ದು. ಕಾಲು ಕಟ್ಟಿ ಪಕ್ಕಕ್ಕೆ ಮಲಗಿಸಿ ಬಾಚಣಿಗೆ ಹಿಡಿಯಬೇಕು. ಅದರ ಕಬ್ಬಿಣದ ಹಲ್ಲುಗಳ ತುದಿ ಒಳಕ್ಕೆ ಬಾಗಿರುತ್ತದೆ. ಕತ್ತರಿಯ ಬಲ ಹೆಬ್ಬೆರಳಲ್ಲಿದ್ದರೆ ಈ ಬಾಚಣಿಗೆಯದು ಮಣಿಕಟ್ಟಿನಲ್ಲಿ. ಉದ್ದಕ್ಕೆ ಎಳೆದರೆ ಹೊರಗೂದಲೇ ಹೆಚ್ಚು ಬರುತ್ತದೆ, ಒತ್ತಿದರೆ ಚರ್ಮ ಗೀಚುತ್ತದೆ. ಗಿಡ್ಡ ಗಿಡ್ಡ ಎಳೆತ, ಮತ್ತೆ ಮತ್ತೆ ಅದೇ ಜಾಗದಲ್ಲಿ. ಹಲ್ಲುಗಳ ನಡುವೆ ಮೋಡದಂತೆ ಉಬ್ಬಿ ಕೂರುವ ತುಪ್ಪಳವನ್ನು ಬಿಡಿಸಿ ಚೀಲಕ್ಕೆ ಹಾಕುವಾಗ ಬಿಳಿ, ಬೂದು, ಕಂದು ಬೇರೆ ಬೇರೆ ಇಡಬೇಕು.

ಒಂದು ಮೇಕೆಯಿಂದ ಸಿಗುವುದು ಸರಾಸರಿ ಕಾಲು ಕಿಲೋ. ಒರಟು ಕೂದಲು, ಮಣ್ಣು, ಜಿಡ್ಡು ತೆಗೆದರೆ ಅದರ ಅರ್ಧವೂ ಉಳಿಯುವುದಿಲ್ಲ. ಎಳೆಯ ದಪ್ಪ 12ರಿಂದ 14 ಮೈಕ್ರಾನ್ (ಮೈಕ್ರಾನ್ ಎಂದರೆ ಮಿಲಿಮೀಟರಿನ ಸಾವಿರದಲ್ಲೊಂದು ಪಾಲು). ಜೀವಮಾನವಿಡೀ ಕಂಬಳಿಯ ಉಣ್ಣೆ ಹಿಡಿದ ನನ್ನ ಬೆರಳುಗಳಿಗೆ ಮೊದಮೊದಲು ಅದು ಇದೆಯೋ ಇಲ್ಲವೋ ಎಂದೇ ತಿಳಿಯುತ್ತಿರಲಿಲ್ಲ.

ಈ ತುಪ್ಪಳಕ್ಕಾಗಿ ದೊರೆಗಳು ಕಾದಾಡಿದ್ದಾರೆ. ಲಡಾಖ್ ಮತ್ತು ಟಿಬೆಟ್ ನಡುವಿನ 1684ರ ತಿಂಗ್‌ಮೋಸ್‌ಗಂಗ್ ಒಪ್ಪಂದದಲ್ಲಿ ಪಶ್ಚಿಮ ಟಿಬೆಟ್‌ನ ಪಶ್ಮೀನಾ ಲಡಾಖ್‌ಗೇ ಹೋಗಬೇಕೆಂಬ ಕರಾರಿತ್ತು. 1841ರಲ್ಲಿ ಜಮ್ಮುವಿನ ಡೋಗ್ರಾ ಸೇನಾಪತಿ ಜೋರಾವರ್ ಸಿಂಗ್ ಟಿಬೆಟ್‌ಗೆ ನುಗ್ಗಿದ್ದರ ಹಿಂದೆಯೂ ಇದೇ ವ್ಯಾಪಾರದ ಆಸೆಯಿತ್ತು. ಲಡಾಖ್ ಪಶ್ಮೀನಾಕ್ಕೆ 2023ರಲ್ಲಿ ಭೌಗೋಳಿಕ ಸೂಚಕ ಮಾನ್ಯತೆ ಸಿಕ್ಕಿತು. ಇದನ್ನೆಲ್ಲ ಆಮಾ-ಲೆಗೆ ಹೇಳಿದೆ. ಕೇಳಿಸಿಕೊಂಡು, ಹಗ್ಗ ಒಣಗಿದೆಯೇ ಎಂದು ವಿಚಾರಿಸಿದರು. ಪಶ್ಮೀನಾ ಅವರಿಗೆ ವರ್ಷಕ್ಕೊಮ್ಮೆ ಕೈಗೆ ಬರುವ ದುಡ್ಡು, ಅದು ಬೇಕೇ ಬೇಕು. ಆದರೆ ಆ ಕಾಲು ಕಿಲೋ ತುಪ್ಪಳ ಹೊತ್ತ ಮೇಕೆ ಬದುಕಿರಬೇಕಾದರೆ ವರ್ಷದ ಉಳಿದ ದಿನಗಳಲ್ಲಿ ಹುಲ್ಲಿನ ಸರದಿ, ತೋಳದ ಕಾವಲು, ಮರಿಗಳ ಆರೈಕೆ ಎಲ್ಲವೂ ನಡೆಯಬೇಕು. ಶಾಲಿನ ಬೆಲೆ ಹೇಳುವವರು ಈ ಕೂಲಿಯನ್ನು ಲೆಕ್ಕಕ್ಕೆ ಹಿಡಿದದ್ದನ್ನು ನಾನು ಕಂಡಿಲ್ಲ.

ನೇಯ್ಗೆಯವನಾಗಿ ನನ್ನ ಕಣ್ಣು ಸದಾ ‘ರೆಬೋ’ ಮೇಲೆಯೇ. ಯಾಕ್ ಕೂದಲಿನ ಪಟ್ಟಿಗಳನ್ನು ನೇಯ್ದು, ಅಂಚಿಗೆ ಅಂಚು ಹೊಲಿದು ಮಾಡುವ ಕಪ್ಪು ಗುಡಾರ ಅದು. ಒಳಗೆ ನಿಂತು ನೋಡಿದರೆ ನೇಯ್ಗೆಯ ಸಂದಿಯಲ್ಲಿ ಬೆಳಕು ಕಾಣುತ್ತದೆ, ಮಳೆ ಹನಿದಾಗ ಕೂದಲು ಉಬ್ಬಿ ಸಂದಿ ಮುಚ್ಚುತ್ತದೆ. ಗುಡಾರದ ಬಟ್ಟೆ ನೇಯುವುದು ಗಂಡಸರ ಕೆಲಸ. ಹೆಂಗಸರದು ಸೊಂಟಕ್ಕೆ ಕಟ್ಟಿಕೊಳ್ಳುವ ಮಗ್ಗ. ಸವೆದ ಪಟ್ಟಿಯನ್ನಷ್ಟೇ ಬಿಚ್ಚಿ ಹೊಸದನ್ನು ಹೊಲಿಯಬಹುದು. ಆದರೂ ಹೆಚ್ಚಿನವರು ಈಗ ಬಿಳಿ ಕ್ಯಾನ್ವಾಸ್ ಗುಡಾರಕ್ಕೆ ಹೋಗಿದ್ದಾರೆ, ಹಗುರ ಎಂದು. ಪ್ರವಾಸಿಗರು ಕಪ್ಪು ಗುಡಾರದ ಮುಂದೆ ಫೋಟೊ ತೆಗೆಸಿಕೊಂಡು ಬಿಳಿಯದನ್ನು ಕಂಡು ಮುಖ ಸಿಂಡರಿಸುತ್ತಾರೆ. ಹೊರುವ ಕಷ್ಟ ಅವರದಲ್ಲವಲ್ಲ.

ಕೈಗಳೇ ಕಡಿಮೆಯಾಗುತ್ತಿವೆ. ಮಕ್ಕಳು ಶಾಲೆಗೆ ಹೋದವರು ಲೇಹ್‌ನಲ್ಲೇ ನಿಲ್ಲುತ್ತಾರೆ. ಇಲ್ಲಿನದೇ ಇನ್ನೊಂದು ಮೇಯಿಸುವ ಸೀಮೆಯಾದ ಖರ್ನಾಕ್‌ನ ಬಹುಪಾಲು ಕುಟುಂಬಗಳು ಮಂದೆ ಮಾರಿ ಲೇಹ್ ಸಮೀಪದ ಖರ್ನಾಕ್‌ಲಿಂಗ್‌ನಲ್ಲಿ ಮನೆ ಮಾಡಿಕೊಂಡಿವೆ. ನಾನಿದ್ದ ಮನೆಯ ಹಿರಿಮಗ ಟ್ಯಾಕ್ಸಿ ಓಡಿಸುತ್ತಾನೆ. ಹಗ್ಗಕ್ಕೆ ಮೇಕೆ ತಳ್ಳಲು ಜನ ಸಾಲದ ಬೆಳಿಗ್ಗೆಗಳಲ್ಲಿ ಹಾಲು ಕರೆಯುವುದನ್ನೇ ಬಿಡುತ್ತಿದ್ದರು. ನನ್ನಂಥ ಅಡ್ಡಾದಿಡ್ಡಿ ಶಿಷ್ಯನನ್ನು ಅವರು ಇಟ್ಟುಕೊಂಡದ್ದಕ್ಕೆ ಅದೂ ಒಂದು ಕಾರಣವಿರಬೇಕು.

ಕಲಿಯಲು ಹೋಗುವ ಮನಸ್ಸಿದ್ದರೆ ಬಾಚುವ ಕಾಲಕ್ಕೆ ಮೊದಲೇ ತಲುಪಿ. ಗೋಬಾನ ಒಪ್ಪಿಗೆ ಪಡೆದು, ಒಂದೇ ಗುಡಾರದಲ್ಲಿ ನಿಲ್ಲಿ. ಅಕ್ಕಿ, ಚಹಾ ಪುಡಿ ನಿಮ್ಮ ಪಾಲಿನದನ್ನು ಒಯ್ಯಿರಿ, ಕ್ಯಾಮೆರಾ ಚೀಲದಲ್ಲೇ ಇರಲಿ. ಬಾಚಣಿಗೆಯನ್ನು ಕೇಳಬೇಡಿ; ಹಗ್ಗ ಕಟ್ಟುವುದು ಸರಿಯಾಗಿ ಬಂದ ಮೇಲೆ ಅವರೇ ಕೊಡುತ್ತಾರೆ.