ಡೈರಿ ಚೀಟಿ ನೋಡಿ ಬದಲಿಸಿದ ಸ್ಕ್ರೀನ್

ಮಂಡ್ಯ ಜಿಲ್ಲೆಯಲ್ಲಿ ಡೈರಿಗೆ ಹಾಲು ಹಾಕುವವರಿಗಾಗಿ ಒಂದು ಆ್ಯಪ್. ಅದರ ಸ್ಕ್ರೀನ್ ಡಿಸೈನ್ ನನ್ನ ಕೆಲಸ. ಬೆಂಗಳೂರಲ್ಲಿ ಕೂತು ಮಾಡಿದ ಮೊದಲ ಸ್ಕ್ರೀನ್‌ನಲ್ಲಿ ಮೇಲೆ ಹಸುವಿನ ದೊಡ್ಡ ಫೋಟೊ, ಕೆಳಗೆ ನಾಲ್ಕು ಚಿಕ್ಕ ಐಕಾನ್. ಜನ ಒಂದೆರಡು ಸಲ ತೆರೆದು ನೋಡಿದರು, ಆಮೇಲೆ ಬಿಟ್ಟೇಬಿಟ್ಟರು.

ಯಾಕೆ ಅಂತ ತಿಳಿಯಲು ಬೆಳಗ್ಗೆ ಆರಕ್ಕೇ ಒಂದು ಹಳ್ಳಿಯ ಡೈರಿ ಮುಂದೆ ಹೋಗಿ ನಿಂತೆ. ಹಾಲು ಹಾಕಿದ ಅಜ್ಜಿಯೊಬ್ಬರು ಸೆರಗಿಗೆ ಕೈ ಒರೆಸಿಕೊಂಡು ಫೋನ್ ತೆಗೆದರು. ಬೆರಳು ಇನ್ನೂ ಒದ್ದೆ. ಐಕಾನ್ ಮೂರು ಸಲ ಒತ್ತಿದರೂ ತೆರೆಯಲಿಲ್ಲ. "ಮಗಾ, ನನ್ ಹಾಲಿನ್ ಲೆಕ್ಕ ಎಲ್ಲೈತೆ?" ಅಂದರು. ಕೊನೆಗೆ ಎಲೆಯಡಿಕೆ ಚೀಲದಿಂದ ಡೈರಿಯ ಚೀಟಿ ತೆಗೆದು ನೋಡಿಕೊಂಡರು. ಲೀಟರ್, ಫ್ಯಾಟ್, ಎಸ್‌ಎನ್‌ಎಫ್ (ಕೊಬ್ಬು ಬಿಟ್ಟು ಹಾಲಿನಲ್ಲಿರುವ ಉಳಿದ ಘನಾಂಶ), ರೇಟು, ಮೊತ್ತ. ಎಲ್ಲ ಒಂದರ ಕೆಳಗೊಂದು.

ಆ ಚೀಟಿಯನ್ನೇ ಮೊದಲ ಸ್ಕ್ರೀನ್ ಮಾಡಿದೆ. ಕ್ರಮವೂ ಅದೇ, ಮಾತೂ ಅದೇ. ನಾನು 'ಕೊಬ್ಬಿನಾಂಶ' ಅಂತ ಬರೆದಿದ್ದೆ. ಅಲ್ಲಿ ಎಲ್ಲರೂ ಕೇಳುವುದು "ಫ್ಯಾಟ್ ಎಷ್ಟು ಬಂತು?" ಅಂತ. 'ಪಾವತಿ ವಿವರ' ತೆಗೆದು 'ಬಟವಾಡೆ' ಅಂತ ಹಾಕಿದೆ. ಒತ್ತುವ ಜಾಗಗಳನ್ನು ಹೆಬ್ಬೆರಳಿನ ಅಗಲಕ್ಕೆ ದೊಡ್ಡದು ಮಾಡಿದೆ. ಸರ್ಕಾರ ಲೀಟರಿಗೆ ಇಷ್ಟು ಅಂತ ಕೊಡುವ ಪ್ರೋತ್ಸಾಹಧನ ಬೇರೆಯಾಗಿ ಬ್ಯಾಂಕಿಗೆ ಬರುತ್ತದೆ. ಅದನ್ನೂ ಸೇರಿಸಿ ಒಂದೇ ಮೊತ್ತ ತೋರಿಸಿದ್ದೆ. ಬಟವಾಡೆಯ ದಿನ ಕೈಗೆ ಬಂದದ್ದು ಕಡಿಮೆ ಕಂಡು ಜನ ಗಾಬರಿಯಾಗಿದ್ದರು. ಎರಡನ್ನೂ ಬೇರೆ ಬೇರೆ ಸಾಲಿಗೆ ಹಾಕಿದೆ.

ಜಾಸ್ತಿ ದಿನ ಹಿಡಿದದ್ದು ಅಕ್ಷರದ ಕೆಲಸ. ಸಾಲಿನ ಎತ್ತರ ಇಂಗ್ಲಿಷ್ ಅಕ್ಷರಕ್ಕೆ ಹೊಂದುವ ಹಾಗೆ ಅಕ್ಷರದ ಅಳತೆಯ 1.2 ಪಟ್ಟು ಇತ್ತು. ನಮ್ಮ ಒತ್ತಕ್ಷರ ಸಾಲಿನಿಂದ ಕೆಳಗೆ ಇಳಿಯುತ್ತದೆ ಅಲ್ವಾ? ಬಾಕ್ಸಿನ ಅಂಚಿಗೆ ಒತ್ತು ಕತ್ತರಿಸಿ ಹೋಗಿ 'ಮೊತ್ತ' ಅನ್ನುವುದು 'ಮೊತ' ಆಗಿತ್ತು. ಓದಲು ತಡವರಿಸುವವರಿಗೆ ಇದು ಎಷ್ಟು ಕಷ್ಟ! 1.6ಕ್ಕೆ ಏರಿಸಿದೆ. ಅಕ್ಷರ ದೊಡ್ಡದು ಮಾಡಿಕೊಂಡರೆ ಬಾಕ್ಸೂ ಬೆಳೆಯುವ ಹಾಗೆ ಮಾಡಿದೆ.

ಮತ್ತೆ ಹೋದಾಗ ಅದೇ ಅಜ್ಜಿ ಸಿಕ್ಕರು. ಫೋನನ್ನು ತೋಳುದ್ದ ದೂರ ಹಿಡಿದು, ಪಕ್ಕದಲ್ಲಿ ಚೀಟಿ ಇಟ್ಟುಕೊಂಡು, ಸಾಲು ಸಾಲಾಗಿ ತಾಳೆ ನೋಡಿದರು. "ಇವತ್ತಿಂದು ಸರಿಯೈತೆ. ನಿನ್ನೆ ಸಂಜೆದು ಎಲ್ ಮಗಾ?" ಅಂದರು. ನಿನ್ನೆ ಸಂಜೆ ನೆಟ್‌ವರ್ಕ್ ಇರಲಿಲ್ಲವಂತೆ. ಆ ಲೆಕ್ಕ ಡೈರಿಯ ಕಂಪ್ಯೂಟರಲ್ಲೇ ಉಳಿದಿತ್ತು. ಹೀಗಾದಾಗ ಸ್ಕ್ರೀನ್ ಸುಮ್ನೆ ಖಾಲಿ ಬಿಡದೆ, 'ಸಂಜೆಯ ಹಾಲಿನ ಲೆಕ್ಕ ಇನ್ನೂ ಬಂದಿಲ್ಲ' ಅಂತ ತೋರಿಸುವ ಸಾಲನ್ನು ಈ ವಾರ ಮಾಡುತ್ತಿದ್ದೇನೆ.